ಬೆರಳ ತುದಿಯ ಮರ್ಕೆಲ್ ಕೋಶಗಳು

"ಸರ್, ಕಣ್ಣಿಗೆ ಅಕ್ಷಿಪಟಲ ಇದೆ, ಕಿವಿಗೆ ಕಾಕ್ಲಿಯಾ ಇದೆ. ಚರ್ಮಕ್ಕೆ ಏನಿದೆ?" ಪ್ರಥಮ ಪಿಯುಸಿ ತರಗತಿಯಲ್ಲಿ ನರವ್ಯೂಹದ ಪಾಠ ಮುಗಿಯುವ ಹೊತ್ತಿಗೆ ಹಿಂದಿನ ಬೆಂಚಿನಿಂದ ಬಂದ ಪ್ರಶ್ನೆ ಇದು. ಅಷ್ಟರಲ್ಲಿ ಗಂಟೆ ಹೊಡೆಯಿತು. ಎರಡು ನಿಮಿಷದಲ್ಲಿ ಹೇಳಿ ಮುಗಿಸುವ ಉತ್ತರವೂ ಅದಲ್ಲ. ಪಂಚೇಂದ್ರಿಯಗಳ ಬಗ್ಗೆ ಎಲ್ಲೇ ಓದಿದರೂ ಸ್ಪರ್ಶಕ್ಕೆ ಸಿಗುವುದು ಕೊನೆಯ ಎರಡು ಸಾಲು. ಪರೀಕ್ಷೆಗೂ ಬರುವುದಿಲ್ಲ ಎಂದು ನೀವೂ ಅದನ್ನು ಹಾರಿಸಿ ಓದುತ್ತೀರಿ. ಅಂಕಕ್ಕೆ ಉಪಯೋಗವಿಲ್ಲದಿದ್ದರೂ ಮನೆಗೆ ಉಪಯೋಗವಾಗುವ ವಿಷಯವಾದ್ದರಿಂದ ಇಲ್ಲಿ ಸ್ವಲ್ಪ ವಿವರವಾಗಿ ಬರೆಯುತ್ತಿದ್ದೇನೆ.

ಮೊದಲು ಒಂದು ಸಣ್ಣ ಪ್ರಯೋಗ. ಎಡಗೈಯನ್ನು ಮೇಜಿನ ಮೇಲೆ ಅಂಗಾತ ಇಡಿ. ತೋರುಬೆರಳಿನ ತುದಿಯ ಮೇಲೆ ಒಂದು ಪೆನ್ನನ್ನು ಮೆಲ್ಲನೆ ತಾಗಿಸಿ, ಅಲುಗಾಡಿಸದೆ ಹಾಗೆಯೇ ಹಿಡಿಯಿರಿ, ಕಣ್ಣು ಮುಚ್ಚಿ. ಪೆನ್ನು ತಾಗಿದ ಕ್ಷಣ ಗೊತ್ತಾಯಿತು. ಈಗ ಐದು ಸೆಕೆಂಡು ಕಳೆದಿದೆ, ಪೆನ್ನು ಚಲಿಸಿಲ್ಲ. ಆದರೂ ಅದು ಅಲ್ಲಿಯೇ ಇದೆ ಎಂದು ನಿಮಗೆ ಗೊತ್ತು. "ತಾಗಿತು" ಎನ್ನುವುದು ಒಂದು ಸುದ್ದಿ, "ಇನ್ನೂ ಇದೆ" ಎನ್ನುವುದು ಇನ್ನೊಂದು ಸುದ್ದಿ. ಈ ಎರಡು ಸುದ್ದಿಗಳನ್ನು ಮಿದುಳಿಗೆ ಮುಟ್ಟಿಸುವ ನರತಂತುಗಳು ಬೇರೆ ಬೇರೆ.

ರೋಮವಿಲ್ಲದ ಅಂಗೈ ಚರ್ಮದಲ್ಲಿ ಸ್ಪರ್ಶದ ಕೆಲಸ ಮಾಡುವ ರಚನೆಗಳು ಮುಖ್ಯವಾಗಿ ನಾಲ್ಕು. ತಾಗಿದ್ದನ್ನೂ ಬಿಟ್ಟದ್ದನ್ನೂ ಜಾರಿದ್ದನ್ನೂ ತಿಳಿಸಿ ಸುಮ್ಮನಾಗುವವು ಮೈಸ್ನರ್ ಕಣಗಳು. ಆಳದಲ್ಲಿರುವ ಪಾಸಿನಿ ಕಣಗಳು ಕಂಪನವನ್ನು ಹಿಡಿಯುತ್ತವೆ. ಜೇಬಿನಲ್ಲಿರುವ ಮೊಬೈಲ್ ಸದ್ದಿಲ್ಲದೆ ನಡುಗಿದಾಗ ಮೊದಲು ಎಚ್ಚರಗೊಳ್ಳುವವು ಅವೇ. ಚರ್ಮ ಎಳೆಯಲ್ಪಡುವುದನ್ನು ತಿಳಿಸುವವು ರುಫಿನಿ ತುದಿಗಳು. ನಾಲ್ಕನೆಯದು ಮರ್ಕೆಲ್ ಕೋಶ. ಒತ್ತಿದ್ದು ಎಷ್ಟು ಹೊತ್ತು ಒತ್ತಿಯೇ ಇದೆಯೋ ಅಷ್ಟು ಹೊತ್ತೂ ಸಂದೇಶ ಕಳಿಸುತ್ತಲೇ ಇರುವುದು, ಒತ್ತಿದ ವಸ್ತುವಿನ ಅಂಚು ಎಲ್ಲಿ, ಮೂಲೆ ಎಲ್ಲಿ, ಚುಕ್ಕಿ ಎಲ್ಲಿ ಎಂದು ಹೇಳುವುದು ಇದರ ಕೆಲಸ. ಹಾಗಾದರೆ ಬೆಳಿಗ್ಗೆ ತಲೆಗೆ ಹಾಕಿದ ಟೋಪಿ, ಸುತ್ತಿದ ಸ್ಕಾರ್ಫ್ ಮಧ್ಯಾಹ್ನದ ಹೊತ್ತಿಗೆ ನೆನಪೇ ಇರುವುದಿಲ್ಲವಲ್ಲ ಎಂದು ಯಾರಾದರೂ ಕೇಳಬಹುದು. ಮಿಡಿತ ಕಾಲಕ್ರಮದಲ್ಲಿ ಕಡಿಮೆಯಾಗುತ್ತದೆ, ಹೊಸದೇನೂ ಇಲ್ಲದ ಸುದ್ದಿಯನ್ನು ಮಿದುಳೂ ಬದಿಗಿಡುತ್ತದೆ. ಈಗ ನಾನು ಹೆಸರೆತ್ತಿದ ಕೂಡಲೇ ನಿಮ್ಮ ಗಮನ ಅಲ್ಲಿಗೆ ಹೋಯಿತು, ಬಟ್ಟೆಯ ಬಿಗಿ ತಿಳಿಯಿತು.

ಮರ್ಕೆಲ್ ಕೋಶದ ಅಗಲ ಸುಮಾರು 10 ಮೈಕ್ರಾನ್, ಅಂದರೆ ಒಂದು ಮಿಲಿಮೀಟರಿನ ನೂರನೇ ಒಂದು ಭಾಗ. ಹೊರಚರ್ಮದ ಅತ್ಯಂತ ಕೆಳಗಿನ ಪದರದಲ್ಲಿ ಗುಂಪುಗುಂಪಾಗಿ ಕೂತಿರುತ್ತವೆ. ಬೆರಳ ತುದಿಯಲ್ಲೂ ತುಟಿಯಲ್ಲೂ ದಟ್ಟ. ತೋಳು, ಬೆನ್ನಿನಲ್ಲಿ ವಿರಳ. ಬೆರಳಿನಲ್ಲಿ ಇವು ನೆಲೆಸಿರುವ ಜಾಗವೂ ವಿಶೇಷವಾದದ್ದು. ನಮ್ಮ ಬೆರಳಚ್ಚಿನ ಒಂದೊಂದು ಏಣಿನ ಕೆಳಗೂ ಹೊರಚರ್ಮ ಒಳಮುಖವಾಗಿ ಇಳಿದಿರುತ್ತದೆ. ಆ ಇಳಿಕೆಯ ತಳದಲ್ಲಿ ಇವುಗಳ ಸಾಲು. ಪ್ರತಿ ಕೋಶದ ಅಡಿಗೂ ತಟ್ಟೆಯಂತೆ ಅಗಲವಾದ ಒಂದು ನರತುದಿ ಅಂಟಿಕೊಂಡಿರುತ್ತದೆ. ಒಂದೇ ನರತಂತು ಕವಲೊಡೆದು ಹಲವು ಕೋಶಗಳನ್ನು ತಲುಪುತ್ತದೆ. ಒಂದು ಅಂಗೈಯಲ್ಲಿ ಬೆರಳುಗಳೂ ಸೇರಿ ಸ್ಪರ್ಶದ ನರತಂತುಗಳು ಸುಮಾರು 17,000 ಎಂದು ಸ್ವೀಡನ್ನಿನ ವಿಜ್ಞಾನಿಗಳು 1979ರಲ್ಲಿ ಅಂದಾಜು ಮಾಡಿದ್ದಾರೆ. ಅವುಗಳಲ್ಲಿ ಹೆಚ್ಚುಕಡಿಮೆ ಕಾಲು ಭಾಗ ಮರ್ಕೆಲ್ ಕೋಶಗಳಿಗೆ ಸೇರಿದವು.

ಜರ್ಮನಿಯ ಅಂಗರಚನಾ ಶಾಸ್ತ್ರಜ್ಞ ಫ್ರೀಡ್ರಿಕ್ ಜಿಗ್ಮುಂಟ್ ಮರ್ಕೆಲ್ ಇವುಗಳನ್ನು 1875ರಲ್ಲಿ ವಿವರಿಸಿದ. (ಜರ್ಮನಿಯ ಚಾನ್ಸಲರ್ ಆಗಿದ್ದ ಮರ್ಕೆಲ್ ಅವರ ಹೆಸರಲ್ಲ ಇದು, ಪ್ರತಿ ವರ್ಷ ಒಬ್ಬರಾದರೂ ಕೇಳುತ್ತಾರೆ.) ಸಾಕುಪ್ರಾಣಿಗಳ ಮತ್ತು ಮನುಷ್ಯರ ಚರ್ಮದ ತೆಳು ಸೀಳುಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾ ನರದ ತುದಿಗೆ ಅಂಟಿದ ತಿಳಿ ಬಣ್ಣದ ಕೋಶಗಳನ್ನು ಆತ ಗುರುತಿಸಿದ, ಅವಕ್ಕೆ ಸ್ಪರ್ಶಕೋಶಗಳು ಎಂದೇ ಹೆಸರಿಟ್ಟ. ಕೋಶ ಒತ್ತಡವನ್ನು ಗ್ರಹಿಸುತ್ತದೆ, ನರ ಅದನ್ನು ಒಯ್ಯುತ್ತದೆ ಎಂಬುದು ಆತನ ಊಹೆ. ನೋಡಿದ್ದು ಸತ್ತ ಚರ್ಮದ ಸೀಳನ್ನು, ಹೇಳಿದ್ದು ಜೀವಂತ ಚರ್ಮದ ಕೆಲಸವನ್ನು. ಆದ್ದರಿಂದ ಆ ಮಾತನ್ನು ಎಲ್ಲರೂ ಒಪ್ಪಲಿಲ್ಲ. ಒತ್ತಡ ತಿಳಿಯುವುದು ನರತುದಿಗೇ, ಕೋಶ ಬರೀ ಮೆತ್ತೆ ಎಂದು ವಾದಿಸಿದವರೂ ಇದ್ದರು. ಈ ಜಗಳ ಬಗೆಹರಿಯಲು 130ಕ್ಕೂ ಹೆಚ್ಚು ವರ್ಷ ಬೇಕಾಯಿತು.

ಬಗೆಹರಿದದ್ದು ಹೇಗೆ? ಒತ್ತಡವನ್ನು ವಿದ್ಯುತ್ ಸಂಕೇತವಾಗಿ ಬದಲಿಸುವ ಅಣು ಯಾವುದು ಎನ್ನುವುದೇ ಬಹುಕಾಲ ತಿಳಿದಿರಲಿಲ್ಲ. ಅಮೆರಿಕದ ಸ್ಕ್ರಿಪ್ಸ್ ಸಂಶೋಧನಾ ಸಂಸ್ಥೆಯಲ್ಲಿ ಆರ್ಡೆಮ್ ಪಟಪೂಟಿಯನ್ ಅವರ ಪ್ರಯೋಗಾಲಯದ ಬರ್ಟ್ರಾಂಡ್ ಕೋಸ್ಟ್ ಒಂದು ಬಗೆಯ ಜೀವಕೋಶಗಳನ್ನು ತಟ್ಟೆಯಲ್ಲಿ ಬೆಳೆಸಿ, ಸೂಕ್ಷ್ಮ ಗಾಜಿನ ಕಡ್ಡಿಯಿಂದ ಚುಚ್ಚಿದಾಗಲೆಲ್ಲ ಅವುಗಳಲ್ಲಿ ಸಣ್ಣ ವಿದ್ಯುತ್ ಹರಿಯುವುದನ್ನು ಕಂಡರು. ಯಾವ ಜೀನ್ ಇದಕ್ಕೆ ಕಾರಣ? ಅನುಮಾನ ಬಂದ 72 ಜೀನ್‌ಗಳನ್ನು ಪಟ್ಟಿ ಮಾಡಿ, ಒಂದೊಂದನ್ನೇ ಮೌನಗೊಳಿಸಿ, ಮತ್ತೆ ಮತ್ತೆ ಚುಚ್ಚಿ ನೋಡಿದರು. ಎಪ್ಪತ್ತೊಂದು ಮುಗಿದರೂ ಸಂಕೇತ ನಿಲ್ಲಲಿಲ್ಲ. ಪಟ್ಟಿಯ ಕೊನೆಯ ಜೀನನ್ನು ಮೌನಗೊಳಿಸಿದಾಗ ಕೋಶ ಎಷ್ಟು ಚುಚ್ಚಿದರೂ ಸುಮ್ಮನಿತ್ತು. 2010ರಲ್ಲಿ ಪ್ರಕಟವಾದ ಆ ಕೆಲಸದಲ್ಲಿ ಅದಕ್ಕೂ ಅದರ ಜೊತೆಗಾರನಿಗೂ ಪಿಯೆಜೋ-1, ಪಿಯೆಜೋ-2 ಎಂದು ಹೆಸರಿಟ್ಟರು. ಗ್ರೀಕ್ ಭಾಷೆಯಲ್ಲಿ ಒತ್ತಡ ಎಂಬ ಅರ್ಥದ ಪದದಿಂದ ಬಂದ ಹೆಸರು. ಇವು ಕೋಶದ ಪೊರೆಯಲ್ಲಿ ಹುದುಗಿರುವ ಅಯಾನ್ ಚಾನೆಲ್‌ಗಳು. ಪೊರೆ ಬಿಗಿದಾಗ ಬಾಗಿಲು ತೆರೆಯುತ್ತದೆ, ಧನ ಅಯಾನುಗಳು ಒಳನುಗ್ಗುತ್ತವೆ. ಬೈರೂತಿನಲ್ಲಿ ಹುಟ್ಟಿ, ಲೆಬನಾನಿನ ಅಂತರ್ಯುದ್ಧದ ದಿನಗಳಲ್ಲಿ ಬೆಳೆದು, 1986ರಲ್ಲಿ ಅಮೆರಿಕಕ್ಕೆ ಹೋದ ಪಟಪೂಟಿಯನ್, ಡೇವಿಡ್ ಜೂಲಿಯಸ್ ಅವರೊಡನೆ 2021ರ ವೈದ್ಯಕೀಯ ನೊಬೆಲ್ ಹಂಚಿಕೊಂಡರು. ಜೂಲಿಯಸ್ ಹುಡುಕಿದ್ದು ಬಿಸಿಯನ್ನೂ ಮೆಣಸಿನಕಾಯಿಯ ಖಾರವನ್ನೂ ಗ್ರಹಿಸುವ ಚಾನೆಲ್. ಅದು ಬೇರೆಯೇ ಕತೆ.

ಪಿಯೆಜೋ-2 ಮರ್ಕೆಲ್ ಕೋಶದಲ್ಲೂ ಇದೆ, ಅದಕ್ಕೆ ಅಂಟಿದ ನರತುದಿಯಲ್ಲೂ ಇದೆ. ಮರ್ಕೆಲ್ ಕೋಶಗಳೇ ಇಲ್ಲದ ಇಲಿಗಳಲ್ಲಿ ಒತ್ತಡಕ್ಕೆ ಬರಬೇಕಾದ ಆ ವಿಶಿಷ್ಟ ನಿರಂತರ ಮಿಡಿತ ಇಲ್ಲವೆಂದು 2009ರಲ್ಲಿಯೇ ಗೊತ್ತಾಗಿತ್ತು. ಕೊಲಂಬಿಯಾ ವಿಶ್ವವಿದ್ಯಾಲಯದ ಎಲೆನ್ ಲಂಪ್ಕಿನ್ ಅವರ ತಂಡ 2014ರಲ್ಲಿ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಪಾಚಿಯಲ್ಲಿರುವ, ಬೆಳಕು ಬಿದ್ದರೆ ತೆರೆದುಕೊಳ್ಳುವ ಒಂದು ಪ್ರೋಟೀನನ್ನು ಇಲಿಯ ಮರ್ಕೆಲ್ ಕೋಶಗಳಲ್ಲಿ ಮಾತ್ರ ತಯಾರಾಗುವಂತೆ ಮಾಡಿದರು. (ನಿಮ್ಮ ಪಠ್ಯದಲ್ಲಿ ಬರುವ ಕ್ಲಾಮಿಡೊಮೊನಾಸ್ ನೆನಪಿಸಿಕೊಳ್ಳಿ, ಈ ಪ್ರೋಟೀನ್ ಮೊದಲು ಸಿಕ್ಕಿದ್ದು ಅದರಲ್ಲಿ.) ಆಮೇಲೆ ಚರ್ಮದ ಮೇಲೆ ನೀಲಿ ಬೆಳಕು ಹಾಯಿಸಿದರು. ಯಾರೂ ಮುಟ್ಟಲಿಲ್ಲ, ಆದರೂ ಮುಟ್ಟಿದ್ದಾರೆಂಬಂತೆ ನರ ಮಿಡಿಯಿತು. ಮೆತ್ತೆಯಾಗಿದ್ದರೆ ಹೀಗಾಗುತ್ತಿರಲಿಲ್ಲ. ಕೊನೆಗೆ ಸಿಕ್ಕ ಉತ್ತರ ಎರಡೂ ಪಕ್ಷಕ್ಕೆ ಸ್ವಲ್ಪ ಸ್ವಲ್ಪ ಸೇರಿದ್ದು: ತಾಗಿದ ಮೊದಲ ಕ್ಷಣದ ರಭಸದ ಮಿಡಿತದಲ್ಲಿ ನರತುದಿಯ ಪಾಲೂ ಇದೆ; ಅನಂತರ ಎಡೆಬಿಡದೆ ಬರುವ "ಇನ್ನೂ ಇದೆ, ಇನ್ನೂ ಇದೆ" ಎಂಬುದನ್ನು ಹೊರಡಿಸುವುದು ಕೋಶ. ಮರ್ಕೆಲ್ ಬರೀ ಆಕಾರ ನೋಡಿ ಊಹಿಸಿದ್ದ ಎಂಬುದನ್ನು ಯೋಚಿಸಿದರೆ ನನಗೆ ಈಗಲೂ ಆಶ್ಚರ್ಯವಾಗುತ್ತದೆ.

ಈ ಕೋಶಗಳ ದಟ್ಟಣೆ ಎಷ್ಟು ಮುಖ್ಯ ಎಂದು ಹಾಸ್ಟೆಲ್ ಕೋಣೆಯಲ್ಲಿಯೇ ನೋಡಬಹುದು. ಹೇರ್‌ಪಿನ್ ಒಂದನ್ನು ಬಾಗಿಸಿ ಅದರ ಎರಡು ತುದಿಗಳ ನಡುವೆ 3 ಮಿಲಿಮೀಟರ್ ಅಂತರ ಮಾಡಿ. ಗೆಳೆಯ ಕಣ್ಣು ಮುಚ್ಚಲಿ. ಬೆರಳ ತುದಿಗೆ ಎರಡೂ ತುದಿಗಳನ್ನು ಒಟ್ಟಿಗೆ ತಾಗಿಸಿದರೆ "ಎರಡು" ಎನ್ನುತ್ತಾನೆ. ಅದನ್ನೇ ಬೆನ್ನಿಗೆ ತಾಗಿಸಿದರೆ "ಒಂದು" ಎನ್ನುತ್ತಾನೆ. ಅಲ್ಲಿ ಎರಡೆಂದು ತಿಳಿಯಲು ಸುಮಾರು 4 ಸೆಂಟಿಮೀಟರ್ ಅಂತರ ಬೇಕಾಗುತ್ತದೆ. ಜರ್ಮನಿಯ ಅರ್ನ್‌ಸ್ಟ್ ವೇಬರ್ 1834ರಲ್ಲಿ ಕೈವಾರದ ಎರಡು ಮೊನೆಗಳಿಂದ ಮೈಯೆಲ್ಲ ಹೀಗೆ ಅಳೆದು ಪ್ರಕಟಿಸಿದ್ದ. ನೀವು ಕೈವಾರ ಬಳಸಬೇಡಿ, ಅದು ಚುಚ್ಚಿದರೆ ಅಳೆಯುವುದು ನೋವನ್ನಾಗುತ್ತದೆ.

ಈ ಎರಡು-ಮೂರು ಮಿಲಿಮೀಟರಿನ ಲೆಕ್ಕದ ಮೇಲೆ ಒಂದು ಲಿಪಿಯೇ ನಿಂತಿದೆ. ಫ್ರಾನ್ಸಿನ ಲೂಯಿ ಬ್ರೈಲ್ ಮೂರು ವರ್ಷದ ಮಗುವಾಗಿದ್ದಾಗ ಅಪ್ಪನ ಚರ್ಮದ ಕೆಲಸದ ಕೊಟ್ಟಿಗೆಯಲ್ಲಿ ದಬ್ಬಳ ಕಣ್ಣಿಗೆ ಚುಚ್ಚಿಕೊಂಡು, ಕೊನೆಗೆ ಎರಡೂ ಕಣ್ಣು ಕಳೆದುಕೊಂಡ. ಆತನ ಶಾಲೆಗೆ ಬಂದ ಚುಕ್ಕಿ ಬರಹದಲ್ಲಿ ಒಂದು ಚಿಹ್ನೆಗೆ 12 ಚುಕ್ಕಿಗಳ ಜಾಗವಿತ್ತು. ಅದು ಒಂದು ಬೆರಳ ತುದಿಯಡಿ ಹಿಡಿಯುತ್ತಿರಲಿಲ್ಲ. ಬ್ರೈಲ್ ಅದನ್ನು ಆರಕ್ಕೆ ಇಳಿಸಿ 1829ರಲ್ಲಿ ಪ್ರಕಟಿಸಿದ. ಚುಕ್ಕಿಗಳ ನಡುವಿನ ಅಂತರ ಸುಮಾರು ಎರಡೂವರೆ ಮಿಲಿಮೀಟರ್. ಭಾರತೀಯ ಭಾಷೆಗಳಿಗೆಲ್ಲ ಹೊಂದುವಂತೆ 1951ರಲ್ಲಿ ಭಾರತಿ ಬ್ರೈಲ್ ಒಪ್ಪಿತವಾಯಿತು. ಅದರಲ್ಲಿ ಕನ್ನಡದ "ಅ" ಎಂದರೆ ಮೇಲಿನ ಎಡಮೂಲೆಯ ಒಂದೇ ಚುಕ್ಕಿ, "ಕ" ಎಂದರೆ ಎಡಸಾಲಿನ ಮೇಲಿನದು ಮತ್ತು ಕೆಳಗಿನದು. ಬ್ರೈಲ್ ಚುಕ್ಕಿಗಳನ್ನು ಬೆರಳಿನ ಮೇಲೆ ಹಾಯಿಸುತ್ತಾ ಒಂದೊಂದೇ ನರತಂತುವಿನ ಮಿಡಿತವನ್ನು ದಾಖಲಿಸಿ ನೋಡಿದ್ದಾರೆ. ಮರ್ಕೆಲ್ ಕೋಶಗಳ ನರದ ದಾಖಲೆಯಲ್ಲಿ ಅಕ್ಷರದ ಚುಕ್ಕಿಗಳು ಬಿಡಿಬಿಡಿಯಾಗಿ ಎದ್ದು ಕಾಣುತ್ತವೆ. ಪಾಸಿನಿ ಕಣಗಳ ದಾಖಲೆಯಲ್ಲಿ ಅಕ್ಷರವೇ ಗುರುತು ಸಿಗುವುದಿಲ್ಲ.

ಇಷ್ಟು ದೂರ ಹೋಗಬೇಕಿಲ್ಲ. ನಿಮ್ಮಲ್ಲಿ ಹಲವರ ಮನೆಯಂತೆ ನಮ್ಮ ಮನೆಯಲ್ಲೂ ಉಮ್ಮ ಬೀಡಿ ಕಟ್ಟಿಯೇ ನಮ್ಮನ್ನು ಓದಿಸಿದ್ದು. ತಡ್ಪೆ ಮಡಿಲಲ್ಲಿಟ್ಟುಕೊಂಡು ಕೂತರೆ ಅವರ ಕಣ್ಣು ಬೆರಳಿನ ಮೇಲೆ ಇರುವುದೇ ಇಲ್ಲ. ಮಾತು ನೆರೆಯವರೊಡನೆ, ನೋಟ ಅಂಗಳದಲ್ಲಿ. ಎಲೆ ದಪ್ಪವೋ ತೆಳುವೋ, ಹುಡಿ ಹೆಚ್ಚಾಯಿತೋ ಕಡಿಮೆಯಾಯಿತೋ, ಸುರುಳಿಯ ಅಂಚು ಸರಿಯಾಗಿ ಕೂತಿತೋ ಇಲ್ಲವೋ, ಎಲ್ಲ ಹೆಬ್ಬೆರಳಿಗೂ ತೋರುಬೆರಳಿಗೂ ಗೊತ್ತು. ಕರೆಂಟು ಹೋದರೂ ಕೆಲಸ ನಿಲ್ಲುತ್ತಿರಲಿಲ್ಲ. ಬೆರಳ ತುದಿಗೆ ಅರಿವಳಿಕೆ ಕೊಟ್ಟರೆ, ಸ್ನಾಯುಗಳು ಸರಿಯಿದ್ದರೂ ಕಣ್ಣು ಕಾಣುತ್ತಿದ್ದರೂ, ಒಂದು ಬೆಂಕಿಕಡ್ಡಿ ತೆಗೆದು ಗೀರಲು ಮನುಷ್ಯ ತಡಕಾಡುತ್ತಾನೆ ಎಂಬುದನ್ನು ಸ್ವೀಡನ್ನಿನ ಪ್ರಯೋಗಾಲಯದಲ್ಲಿ ತೋರಿಸಿದ್ದಾರೆ. ವರ್ಷಗಟ್ಟಲೆ ಎಲೆ ಉಜ್ಜಿ ಉಮ್ಮನ ಬೆರಳಿನ ಗೆರೆಗಳು ಸವೆದಿವೆ, ಬೆರಳಚ್ಚಿನ ಯಂತ್ರ ಅವರನ್ನು ಗುರುತಿಸಲು ಮೂರು ನಾಲ್ಕು ಸಲ ಒತ್ತಬೇಕು. ಆದರೆ ಸವೆಯುವುದು ಮೇಲಿನ ಏಣು ಮಾತ್ರ. ಕೋಶಗಳಿರುವ ತಳ ಹಾಗೆಯೇ ಇರುತ್ತದೆ.

ಇನ್ನು ಮುಖ್ಯ ವಿಷಯಕ್ಕೆ ಬರುತ್ತೇನೆ. ದೃಷ್ಟಿ ಮಂದವಾದರೆ ಅಕ್ಷರ ಮಸುಕಾಗುತ್ತದೆ, ಕಿವಿ ಮಂದವಾದರೆ ಮನೆಯವರು ಕೂಗಿ ಕರೆಯಬೇಕಾಗುತ್ತದೆ. ಸ್ಪರ್ಶ ಹೋದರೆ? ಏನೂ ಆಗುವುದಿಲ್ಲ. ತಿಳಿಯದೇ ಇರುವುದು ತಿಳಿಯುವುದಿಲ್ಲ. ನನ್ನ ದೊಡ್ಡ ಮಾವ ಒಂದು ಮದುವೆ ಮನೆಯಿಂದ ಬಂದಾಗ ಜಗಲಿಯಿಂದ ಒಳಗಿನವರೆಗೆ ರಕ್ತದ ಗುರುತು ಮೂಡಿದ್ದನ್ನು ಮಕ್ಕಳು ನೋಡಿ ಹೇಳಿದರು. ಅಂಗಾಲಿನಲ್ಲಿ ಗಾಜಿನ ಚೂರು ಇಳಿದಿತ್ತು. ಅವರಿಗೆ ಹದಿನೈದು ವರ್ಷದಿಂದ ಶುಗರ್. ಗಾಯ ಮಾಯಲಿಲ್ಲ, ಕೊನೆಗೆ ಎರಡು ಬೆರಳು ತೆಗೆಯಬೇಕಾಯಿತು.

ರಕ್ತದಲ್ಲಿ ಸಕ್ಕರೆ ವರ್ಷಗಟ್ಟಲೆ ಹೆಚ್ಚಿದ್ದರೆ ನರತಂತುಗಳೂ ಅವುಗಳಿಗೆ ರಕ್ತ ಒದಗಿಸುವ ಸಣ್ಣ ನಾಳಗಳೂ ಕೆಡುತ್ತವೆ. ಮೊದಲು ಕೆಡುವುದು ಅತಿ ಉದ್ದದ ನರಗಳು, ಅಂದರೆ ಸೊಂಟದಿಂದ ಕಾಲ್ಬೆರಳಿನ ತುದಿಯವರೆಗೆ ಹೋಗುವವು. ಕಾಲುಚೀಲ ಹಾಕಿದಷ್ಟು ಭಾಗದಲ್ಲಿ ಸಂವೇದನೆ ಮೆಲ್ಲಮೆಲ್ಲನೆ ಮಾಸುತ್ತದೆ, ಕೈಗೆ ಬರುವುದು ಆಮೇಲೆ. ಮರ್ಕೆಲ್ ಕೋಶಕ್ಕೆ ಅಂಟಿದ ನರ ಸತ್ತರೆ ಆ ಕೋಶಗಳೂ ಕ್ರಮೇಣ ಕಡಿಮೆಯಾಗುತ್ತವೆ ಎಂದು ಪ್ರಾಣಿಗಳ ಮೇಲಿನ ಪ್ರಯೋಗಗಳು ತೋರಿಸಿವೆ. ನೋವನ್ನು ಒಯ್ಯುವ ಸಣ್ಣ ನರಗಳು ಬೇರೆಯವಾದರೂ ಮಧುಮೇಹ ಅವನ್ನೂ ಬಿಡುವುದಿಲ್ಲ. ಹೀಗಾಗಿ ಚಪ್ಪಲಿಯೊಳಗಿನ ಕಲ್ಲು "ಇನ್ನೂ ಇದೆ" ಎಂದು ಹೇಳುವವರೂ ಇಲ್ಲ, "ನೋಯುತ್ತಿದೆ" ಎಂದು ಹೇಳುವವರೂ ಇಲ್ಲ. ಕುಷ್ಠರೋಗದಲ್ಲೂ ನರವೇ ಕೆಡುವುದು. ಚರ್ಮದ ಮೇಲಿನ ತಿಳಿಬಣ್ಣದ ಮಚ್ಚೆಯಲ್ಲಿ ಮುಟ್ಟಿದ್ದು ತಿಳಿಯದಿದ್ದರೆ ವೈದ್ಯರಿಗೆ ತೋರಿಸಬೇಕು ಎನ್ನುವುದು ಅದಕ್ಕೇ. ಅದು ಪೂರ್ತಿ ಗುಣವಾಗುವ ಕಾಯಿಲೆ, ಸರಕಾರಿ ಆಸ್ಪತ್ರೆಯಲ್ಲಿ ಔಷಧ ಉಚಿತ.

ಶುಗರ್ ಇರುವ ಹಿರಿಯರು ನಿಮ್ಮ ಮನೆಯಲ್ಲಿದ್ದರೆ ಅವರ ಕಾಲನ್ನು ನೀವೇ ಪರೀಕ್ಷಿಸಬಹುದು. ಇಂಗ್ಲೆಂಡಿನ ಇಪ್ಸ್‌ವಿಚ್ ಆಸ್ಪತ್ರೆಯ ವೈದ್ಯರು ರೂಪಿಸಿದ ಈ ಪರೀಕ್ಷೆಗೆ ಬೇಕಾದ ಉಪಕರಣ ನಿಮ್ಮ ತೋರುಬೆರಳು ಮಾತ್ರ. ಅವರನ್ನು ಕಾಲು ಚಾಚಿ ಕೂರಿಸಿ ಕಣ್ಣು ಮುಚ್ಚಲು ಹೇಳಿ. ಮುಟ್ಟಿದ್ದು ಗೊತ್ತಾದಾಗ "ಬಲ" ಅಥವಾ "ಎಡ" ಎನ್ನಬೇಕು. ಮೊದಲು ಬಲಗಾಲಿನ ಹೆಬ್ಬೆರಳು, ಆಮೇಲೆ ಅದೇ ಕಾಲಿನ ಕಿರುಬೆರಳು. ಹಾಗೆಯೇ ಎಡಗಾಲಿನ ಹೆಬ್ಬೆರಳು, ಕಿರುಬೆರಳು. ಕೊನೆಗೆ ಬಲದ ನಡುಬೆರಳು, ಎಡದ ನಡುಬೆರಳು. ಬೆರಳಿನ ತುದಿಯನ್ನು ಒಂದೆರಡು ಸೆಕೆಂಡು ಹಗುರವಾಗಿ ಮುಟ್ಟಬೇಕು, ಅಷ್ಟೆ. ಒತ್ತಬಾರದು, ತಟ್ಟಬಾರದು, ಸವರಬಾರದು. ಗೊತ್ತಾಗಲಿಲ್ಲವೆಂದು ಅದೇ ಬೆರಳನ್ನು ಮತ್ತೆ ಮುಟ್ಟಿ ನೋಡಬಾರದು. ಆರರಲ್ಲಿ ಎರಡು ಅಥವಾ ಹೆಚ್ಚು ತಪ್ಪಿದರೆ ವೈದ್ಯರ ಬಳಿ ಹೋಗಿ ಕಾಲನ್ನು ತೋರಿಸಬೇಕು. ಅವರು ನೈಲಾನ್ ಎಳೆಯಿಂದಲೋ 128 ಹರ್ಟ್ಸ್ ಶ್ರುತಿ ಕವೆಯಿಂದಲೋ ಸರಿಯಾಗಿ ಪರೀಕ್ಷಿಸುತ್ತಾರೆ. ನಮ್ಮ ಭೌತಶಾಸ್ತ್ರ ಪ್ರಯೋಗಾಲಯದ ಕವೆ ತಂದು ಪ್ರಯೋಗ ಮಾಡಲು ಹೋಗಬೇಡಿ, ಅದರ ಆವೃತ್ತಿ ಬೇರೆ.

ಸಂವೇದನೆ ಕಡಿಮೆಯಾದ ಕಾಲಿಗೆ ಕಣ್ಣೇ ಕಾವಲು. ನಮ್ಮ ಹಿರಿಯರು ದಿನಕ್ಕೆ ಐದು ಸಲ ವುಝೂ ಮಾಡುವಾಗ ಕಾಲು ತೊಳೆಯುತ್ತಾರೆ. ಅದರಲ್ಲಿ ಒಂದು ಸಲವಾದರೂ ಬೆಳಕಿನಲ್ಲಿ ಅಂಗಾಲನ್ನೂ ಬೆರಳ ಸಂದುಗಳನ್ನೂ ನೋಡಿ, ಸಂದುಗಳ ತೇವ ಒರೆಸಿದರೆ ದೊಡ್ಡ ಉಪಕಾರ. ಬಾಗಿ ನೋಡಲು ಆಗದವರಿಗೆ ನೀವು ನೋಡಿ ಹೇಳಿ. ಬಿಸಿನೀರನ್ನು ಕಾಲಿಟ್ಟು ನೋಡುವುದು ಬೇಡ, ಮೊಣಕೈ ಅದ್ದಿ ನೋಡಲಿ. ಚಪ್ಪಲಿ ಮೆಟ್ಟುವ ಮೊದಲು ಕೊಡವಬೇಕು. ಮಧ್ಯಾಹ್ನದ ಬಿಸಿಲಿಗೆ ಕಾದ ಮಸೀದಿ ಅಂಗಳದ ಕಲ್ಲನ್ನು ಬರಿಗಾಲಲ್ಲಿ ದಾಟುವಾಗ ನಾವು ಹಾರಿ ಹಾರಿ ಹೋಗುತ್ತೇವೆ, ಅವರು ನಿಧಾನವಾಗಿ ನಡೆದು ಹೋಗುತ್ತಾರೆ. ಅದು ಸಹನೆ ಎಂದು ನಾನು ಚಿಕ್ಕಂದಿನಲ್ಲಿ ತಿಳಿದಿದ್ದೆ.

ಉಮ್ಮನಿಗೂ ಈಗ ಎಂಟು ವರ್ಷದಿಂದ ಶುಗರ್ ಇದೆ. ರಜೆಯಲ್ಲಿ ಅವರನ್ನು ಕೂರಿಸಿ ಆರು ಬೆರಳೂ ಮುಟ್ಟಿ ನೋಡಿದೆ. ಬಲಗಾಲಿನ ಎರಡು ಸರಿಯಾಗಿ ಹೇಳಿದರು. ಎಡಗಾಲಿನ ಹೆಬ್ಬೆರಳೂ ಗೊತ್ತಾಯಿತು. ಕಿರುಬೆರಳನ್ನು ಮುಟ್ಟಿ ಕೈ ತೆಗೆದ ಮೇಲೆ ಉಮ್ಮ ಕಣ್ಣು ಮುಚ್ಚಿಕೊಂಡೇ, "ಎಂತ ನಿಲ್ಲಿಸಿದ್ದು, ಮುಂದಿನದು ಮಾಡು" ಎಂದರು. ನಡುಬೆರಳುಗಳು ಎರಡೂ ಸರಿಯಾದವು. ಆರರಲ್ಲಿ ಒಂದು ತಪ್ಪಿದೆ, ಲೆಕ್ಕದ ಪ್ರಕಾರ ಇನ್ನೂ ಗಡಿ ದಾಟಿಲ್ಲ. ಮುಂದಿನ ವಾರ ಶುಗರ್ ಪರೀಕ್ಷೆಗೆ ಹೋಗುವಾಗ ಕಾಲನ್ನೂ ತೋರಿಸಲಿದ್ದೇವೆ.